750 ಪೌಂಡಿಗೆ ಮಾರಾಟವಾದ ಗೋಲುಗಾರ: ಸ್ಟೀವ್ ಬ್ಲೂಮರ್ ಪ್ರಕರಣ

1906ರ ಮಾರ್ಚ್ ತಿಂಗಳಲ್ಲಿ ಇಂಗ್ಲೆಂಡಿನ ಡರ್ಬಿ ಕೌಂಟಿ ಕ್ಲಬ್ಬು, ತನ್ನ ಪರವಾಗಿ ಹದಿಮೂರೂವರೆ ವರ್ಷ ಆಡಿದ್ದ ಸ್ಟೀವ್ ಬ್ಲೂಮರ್‌ನನ್ನು ಉತ್ತರದ ಮಿಡಲ್ಸ್‌ಬ್ರೋ ಕ್ಲಬ್ಬಿಗೆ 750 ಪೌಂಡಿಗೆ ಮಾರಿತು. ಆಗ ಅವನಿಗೆ 32 ವರ್ಷ. ದೇಶದ ಮೊದಲ ದರ್ಜೆಯ ಲೀಗಿನಲ್ಲಿ ಐದು ಋತುಗಳಲ್ಲಿ ಅತಿ ಹೆಚ್ಚು ಗೋಲು ಹೊಡೆದವನು ಅವನೇ. ಇಂಗ್ಲೆಂಡ್ ತಂಡದ ಪರವಾಗಿ ಅವನಷ್ಟು ಗೋಲು ಹೊಡೆದವರು ಆವರೆಗೆ ಯಾರೂ ಇರಲಿಲ್ಲ. ಈ ವ್ಯವಹಾರದಲ್ಲಿ ಡರ್ಬಿಗೆ ಹಣ ಬಂತು, ಮಿಡಲ್ಸ್‌ಬ್ರೋಗೆ ಆಟಗಾರ ಸಿಕ್ಕಿದ. ಯಾರ ಕಾಲುಗಳಿಗೆ ಈ ಬೆಲೆ ಕಟ್ಟಲಾಗಿತ್ತೋ ಅವನಿಗೆ, ಹೊಸ ಕ್ಲಬ್ಬಿಗೆ ಸಹಿ ಹಾಕಿದ್ದಕ್ಕೆಂದು ನಿಯಮ ಒಪ್ಪುತ್ತಿದ್ದ ಗರಿಷ್ಠ ಮೊತ್ತ 10 ಪೌಂಡ್ ಮಾತ್ರ.

ಬ್ಲೂಮರ್‌ನ ಬದುಕನ್ನು ಬರೆಯುವವರು ಸಾಮಾನ್ಯವಾಗಿ ಅವನ ಗೋಲುಗಳ ಲೆಕ್ಕದಿಂದ ಆರಂಭಿಸುತ್ತಾರೆ. ನಾನು ಈ ಮಾರಾಟದಿಂದ ಆರಂಭಿಸಲು ಕಾರಣವಿದೆ. ವೃತ್ತಿಪರ ಫುಟ್ಬಾಲ್ ಹುಟ್ಟಿದ ಮೊದಲ ತಲೆಮಾರಿನಲ್ಲಿ ‘ವೃತ್ತಿ’ ಎಂಬ ಮಾತಿಗೆ ಏನು ಅರ್ಥವಿತ್ತು, ಆ ವೃತ್ತಿಯ ಒಡೆತನ ಯಾರ ಕೈಯಲ್ಲಿತ್ತು ಎಂಬುದು ಈ ಒಂದು ವ್ಯವಹಾರದಲ್ಲಿ ಕಾಣುವಷ್ಟು ಸ್ಪಷ್ಟವಾಗಿ ಬೇರೆಲ್ಲೂ ಕಾಣುವುದಿಲ್ಲ. ಸಾಧಾರಣ ಆಟಗಾರನೊಬ್ಬನ ಕಥೆಯಾಗಿದ್ದರೆ ಅವನ ಕಷ್ಟಕ್ಕೆ ಅವನ ಆಟದ ಕೊರತೆಯೇ ಕಾರಣವೆಂದು ಹೇಳಿಬಿಡಬಹುದಿತ್ತು. ಬ್ಲೂಮರ್ ವಿಷಯದಲ್ಲಿ ಹಾಗೆ ಹೇಳುವಂತಿಲ್ಲ.

ಅವನು ಹುಟ್ಟಿದ್ದು 1874ರ ಜನವರಿ 20ರಂದು, ಮಧ್ಯ ಇಂಗ್ಲೆಂಡಿನ ಕ್ರೇಡ್ಲಿಯಲ್ಲಿ. ಸರಪಳಿ ಮತ್ತು ಮೊಳೆ ತಯಾರಿಕೆಗೆ ಹೆಸರಾದ, ಮನೆಮನೆಯ ಹಿತ್ತಲಲ್ಲೂ ಕುಲುಮೆ ಉರಿಯುತ್ತಿದ್ದ ಊರು ಅದು. ತಂದೆ ಕಬ್ಬಿಣದ ಕೆಲಸಗಾರ. ಮಗ ಚಿಕ್ಕವನಿರುವಾಗಲೇ ಕುಟುಂಬ ಕೆಲಸ ಹುಡುಕಿಕೊಂಡು ಡರ್ಬಿಗೆ ಬಂತು. ಶಾಲೆ ಬಿಟ್ಟ ಮೇಲೆ ಹುಡುಗನೂ ಕಮ್ಮಾರನ ಕೈಕೆಳಗೆ ಸುತ್ತಿಗೆ ಹೊಡೆಯುವ ಕೆಲಸಕ್ಕೆ ಸೇರಿದ. ಶನಿವಾರ ಮಧ್ಯಾಹ್ನ ಕಾರ್ಖಾನೆಗಳು ಬೇಗ ಮುಚ್ಚುವ ಪದ್ಧತಿ ಬಂದು, ದುಡಿಯುವವರಿಗೆ ವಾರಕ್ಕೆ ಅರ್ಧ ದಿನದ ಬಿಡುವು ಸಿಕ್ಕಿದ್ದ ಕಾಲವದು. ಆ ಅರ್ಧ ದಿನವನ್ನು ಇಂಗ್ಲೆಂಡಿನ ಕೈಗಾರಿಕಾ ಪಟ್ಟಣಗಳು ಫುಟ್ಬಾಲಿಗೆ ಕೊಟ್ಟಿದ್ದವು. ಆಡುವವರೂ ನೋಡುವವರೂ ಒಂದೇ ಬೀದಿಯವರಾಗಿದ್ದರು.

ಆಟಕ್ಕೆ ಕೂಲಿ ಪಡೆಯುವುದು ಕಾನೂನುಬದ್ಧವಾಗಿ ಆಗಿನ್ನೂ ಹೆಚ್ಚು ವರ್ಷಗಳಾಗಿರಲಿಲ್ಲ. ಲ್ಯಾಂಕಶೈರ್‌ನ ಗಿರಣಿ ಊರುಗಳ ಕ್ಲಬ್ಬುಗಳು ಸ್ಕಾಟ್ಲೆಂಡಿನಿಂದ ಆಟಗಾರರನ್ನು ಕರೆತಂದು, ಹೆಸರಿಗೆ ಒಂದು ನೌಕರಿ ಕೊಡಿಸಿ, ಕೈಗೆ ಗುಟ್ಟಾಗಿ ಹಣ ಕೊಡುತ್ತಿದ್ದುದು ಎಲ್ಲರಿಗೂ ಗೊತ್ತಿತ್ತು. 1884ರಲ್ಲಿ ಪ್ರೆಸ್ಟನ್ ನಾರ್ತ್ ಎಂಡ್ ಕ್ಲಬ್ಬಿನ ಮುಖ್ಯಸ್ಥ ವಿಲಿಯಂ ಸಡೆಲ್ ತಾನು ಆಟಗಾರರಿಗೆ ಹಣ ಕೊಡುತ್ತಿರುವುದನ್ನು ಬಹಿರಂಗವಾಗಿ ಒಪ್ಪಿಕೊಂಡ. ಉತ್ತರದ ಕ್ಲಬ್ಬುಗಳು ಬೇರೆಯದೇ ಸಂಘ ಕಟ್ಟುವುದಾಗಿ ಬೆದರಿಸಿದವು. ಕೊನೆಗೆ 1885ರ ಜುಲೈ 20ರಂದು ಆಟದ ಆಡಳಿತ ಸಂಸ್ಥೆಯಾದ ಫುಟ್ಬಾಲ್ ಅಸೋಸಿಯೇಷನ್ (ಎಫ್‌ಎ) ವೃತ್ತಿಪರತೆಯನ್ನು ಒಪ್ಪಿತು. ಮೂರು ವರ್ಷಗಳ ನಂತರ ಹನ್ನೆರಡು ಕ್ಲಬ್ಬುಗಳು ಸೇರಿ ಫುಟ್ಬಾಲ್ ಲೀಗ್ ಆರಂಭಿಸಿದಾಗ ಡರ್ಬಿ ಕೌಂಟಿಯೂ ಅವುಗಳಲ್ಲಿ ಒಂದಾಗಿತ್ತು. 1892ರ ಸೆಪ್ಟೆಂಬರ್ 3ರಂದು, ಸ್ಟೋಕ್ ವಿರುದ್ಧದ ಪಂದ್ಯದಲ್ಲಿ, 18 ವರ್ಷದ ಬ್ಲೂಮರ್ ಮೊದಲ ಬಾರಿಗೆ ಡರ್ಬಿಯ ಅಂಗಿ ತೊಟ್ಟ. ಆರಂಭದ ವಾರದ ಕೂಲಿ ಏಳೂವರೆ ಶಿಲಿಂಗ್ (ಒಂದು ಪೌಂಡಿಗೆ 20 ಶಿಲಿಂಗ್).

ಅವನ ಆಟ ಹೇಗಿತ್ತು ಎಂಬುದನ್ನು ತಿಳಿಯಲು ಆ ಕಾಲದ ನಿಯಮಗಳನ್ನು ನೆನಪಿಡಬೇಕು. ಇಂದು ಆಫ್‌ಸೈಡ್ (ಎದುರಾಳಿಗಳನ್ನು ದಾಟಿ ಮುಂದೆ ನಿಂತು ಚೆಂಡು ಪಡೆಯುವ ತಪ್ಪು) ಆಗದಿರಲು ಎದುರಾಳಿಯ ಇಬ್ಬರು ಗೋಲಿನ ಕಡೆ ಇದ್ದರೆ ಸಾಕು. 1925ರವರೆಗೆ ಮೂವರು ಇರಬೇಕಾಗಿತ್ತು. ಗೋಲ್‌ಕೀಪರ್ ತನ್ನ ಅರ್ಧ ಮೈದಾನದಲ್ಲಿ ಎಲ್ಲಿ ಬೇಕಾದರೂ ಚೆಂಡನ್ನು ಕೈಯಲ್ಲಿ ಮುಟ್ಟಬಹುದಿತ್ತು. ಚೆಂಡು ದಪ್ಪ ಚರ್ಮದ್ದು, ಬಾಯಿಗೆ ದಾರ ಬಿಗಿದದ್ದು, ಮಳೆ ಬಂದರೆ ನೀರು ಕುಡಿದು ಕಲ್ಲಿನಂತಾಗುತ್ತಿದ್ದದ್ದು. ಬೂಟುಗಳು ಕಣಕಾಲಿನ ಮೇಲೆ ಬರುವಷ್ಟು ಎತ್ತರ, ಮುಂಗಾಲಿನಲ್ಲಿ ಗಟ್ಟಿ. ಬೆಳ್ಳಗೆ, ಬಿಳಿಚಿಕೊಂಡಂತೆ ಕಾಣುತ್ತಿದ್ದ, ದೊಡ್ಡ ಮೈಕಟ್ಟಿಲ್ಲದ ಈ ಇನ್‌ಸೈಡ್ ರೈಟ್ (ಮುಂಪಂಕ್ತಿಯ ನಡುವಿನಿಂದ ಬಲಕ್ಕೆ ಆಡುವ) ಆಟಗಾರ ಅಂಥ ಬೂಟಿನಲ್ಲಿ, ಅಂಥ ಚೆಂಡನ್ನು, ನಿಲ್ಲಿಸಿ ಸರಿಮಾಡಿಕೊಳ್ಳದೆ, ಕಾಲನ್ನು ಹಿಂದಕ್ಕೆ ಬೀಸದೆ, ಬಂದ ವೇಗದಲ್ಲೇ ನೆಲಕ್ಕೆ ಸವರಿಕೊಂಡು ಹೋಗುವಂತೆ ಹೊಡೆಯುತ್ತಿದ್ದ. ಎದುರಾಳಿ ಅಡ್ಡ ಕಾಲು ಹಾಕುವ ಹೊತ್ತಿಗೆ ಚೆಂಡು ಹೋಗಿಯಾಗಿರುತ್ತಿತ್ತು. ಇದನ್ನು ಅವನು ತಾನಾಗಿಯೇ ಕಲಿತದ್ದಲ್ಲ. ಪ್ರೆಸ್ಟನ್‌ನ ಅಜೇಯ ತಂಡದಲ್ಲಿ ಆಡಿ 1889ರಲ್ಲಿ ಡರ್ಬಿಗೆ ಬಂದಿದ್ದ ಜಾನ್ ಗುಡಾಲ್ ಈ ಹುಡುಗನನ್ನು ಪಕ್ಕದಲ್ಲಿಟ್ಟುಕೊಂಡು ತಿದ್ದಿದ್ದ. ಹಿರಿಯ ಕಸುಬುದಾರನ ಕೈಕೆಳಗೆ ಕಿರಿಯ ಪಳಗುವ ಆ ಕ್ರಮ ಕುಲುಮೆಯಿಂದ ಬಂದ ಬ್ಲೂಮರ್‌ಗೆ ಹೊಸದೇನೂ ಆಗಿರಲಿಕ್ಕಿಲ್ಲ.

1895ರ ಮಾರ್ಚ್‌ನಲ್ಲಿ ಐರ್ಲೆಂಡ್ ವಿರುದ್ಧ ಇಂಗ್ಲೆಂಡಿಗೆ ಮೊದಲ ಬಾರಿ ಆಡಿ ಎರಡು ಗೋಲು ಹೊಡೆದ. ಮರುವರ್ಷ ಕಾರ್ಡಿಫ್‌ನಲ್ಲಿ ವೇಲ್ಸ್ ವಿರುದ್ಧ ಐದು. ಮೊದಲ ಹತ್ತು ಅಂತರರಾಷ್ಟ್ರೀಯ ಪಂದ್ಯಗಳಲ್ಲಿ ಪ್ರತಿಯೊಂದರಲ್ಲೂ ಅವನ ಗೋಲಿತ್ತು, ಒಟ್ಟು 19. ವರ್ಷಕ್ಕೆ ಮೂರೇ ಅಂತರರಾಷ್ಟ್ರೀಯ ಪಂದ್ಯಗಳಿರುತ್ತಿದ್ದ ಆ ಕಾಲದಲ್ಲಿ, 1907ರಲ್ಲಿ ಅವನ ಕೊನೆಯ ಪಂದ್ಯ ಮುಗಿಯುವ ಹೊತ್ತಿಗೆ 23 ಪಂದ್ಯಗಳಲ್ಲಿ 28 ಗೋಲು ಅವನ ಹೆಸರಿನಲ್ಲಿದ್ದವು.

ಡರ್ಬಿಯ ಮೈದಾನದ ಬಗ್ಗೆಯೂ ಒಂದು ಮಾತು ಹೇಳಬೇಕು, ಏಕೆಂದರೆ ಈ ಪ್ರಕರಣದ ಅಂತ್ಯವೂ ಅಲ್ಲಿಗೇ ಮರಳುತ್ತದೆ. ಎರಕದ ಕಾರ್ಖಾನೆಯ ಮಾಲೀಕ ಫ್ರಾನ್ಸಿಸ್ ಲೇ ಅಮೆರಿಕಕ್ಕೆ ಹೋಗಿ ಬೇಸ್‌ಬಾಲ್ ಆಟಕ್ಕೆ ಮನಸೋತು, ತನ್ನ ಕೆಲಸಗಾರರಿಗಾಗಿ ಕಾರ್ಖಾನೆಯ ಮಗ್ಗುಲಲ್ಲೇ ಒಂದು ಮೈದಾನ ಮಾಡಿಸಿದ್ದ. ಡರ್ಬಿ ಕೌಂಟಿ 1895ರಲ್ಲಿ ಅಲ್ಲಿಗೆ ನೆಲೆ ಬದಲಿಸಿತು; ಸಂಡರ್ಲೆಂಡ್ ವಿರುದ್ಧ ಅಲ್ಲಿ ಆಡಿದ ಆ ಋತುವಿನ ಮೊದಲ ಪಂದ್ಯದಲ್ಲಿ ಬ್ಲೂಮರ್ ಎರಡು ಗೋಲು ಹೊಡೆದ. ಬೇಸ್‌ಬಾಲ್ ಗ್ರೌಂಡ್ ಎಂಬ ಹೆಸರು ಒಂದು ಶತಮಾನ ಉಳಿಯಿತು. ಬೇಸಿಗೆಯಲ್ಲಿ ಬ್ಲೂಮರ್ ಅಲ್ಲೇ ಬೇಸ್‌ಬಾಲನ್ನೂ ಆಡಿದ, ರಾಷ್ಟ್ರ ಚಾಂಪಿಯನ್‌ಷಿಪ್ ಗೆದ್ದ ತಂಡದಲ್ಲಿದ್ದ. ಫುಟ್ಬಾಲಿನಲ್ಲಿ ಮಾತ್ರ ಡರ್ಬಿಗೆ ಪ್ರಶಸ್ತಿ ಒಲಿಯಲಿಲ್ಲ. 1896ರಲ್ಲಿ ಲೀಗಿನ ಎರಡನೆಯ ಸ್ಥಾನ. 1898 ಮತ್ತು 1899ರಲ್ಲಿ ಎಫ್‌ಎ ಕಪ್ ಫೈನಲ್‌ನಲ್ಲಿ ಸೋಲು. 1903ರ ಫೈನಲ್‌ನಲ್ಲಿ ಗಾಯದಿಂದ ಬ್ಲೂಮರ್ ಆಡಲಾಗದಿದ್ದಾಗ ಬರಿ ಎಂಬ ಊರಿನ ತಂಡದ ಎದುರು 6–0 ಅಂತರದ ಸೋಲು.

ಇನ್ನು ವ್ಯವಹಾರದ ವಿಷಯ. ಅವನ ವೃತ್ತಿಜೀವನವನ್ನು ಎರಡು ನಿಯಮಗಳು ಎರಡು ಕಡೆಯಿಂದ ಹಿಡಿದಿಟ್ಟಿದ್ದವು. ಮೊದಲನೆಯದು 1890ರ ದಶಕದಲ್ಲಿ ಲೀಗ್ ಗಟ್ಟಿಮಾಡಿಕೊಂಡ ನೋಂದಣಿ ಪದ್ಧತಿ. ಆಟಗಾರನ ಒಪ್ಪಂದ ಒಂದು ಋತುವಿಗೆ ಮಾತ್ರ. ಆದರೆ ಅವನ ನೋಂದಣಿ ಕ್ಲಬ್ಬಿನ ಕೈಯಲ್ಲಿ. ಋತು ಮುಗಿದಾಗ ಕ್ಲಬ್ಬು ತಾನು ಉಳಿಸಿಕೊಳ್ಳುವವರ ಪಟ್ಟಿ ಮತ್ತು ಮಾರಾಟಕ್ಕಿಟ್ಟವರ ಪಟ್ಟಿಯನ್ನು ಲೀಗಿಗೆ ಕಳಿಸುತ್ತಿತ್ತು. ಉಳಿಸಿಕೊಳ್ಳುವವರ ಪಟ್ಟಿಯಲ್ಲಿ ಹೆಸರಿದ್ದವನು ಹೊಸ ಷರತ್ತುಗಳನ್ನು ಒಪ್ಪದಿದ್ದರೆ ಅವನಿಗೆ ಕೂಲಿಯೂ ಇಲ್ಲ, ಲೀಗಿನ ಬೇರೊಂದು ಕ್ಲಬ್ಬಿಗೆ ಹೋಗುವ ಹಕ್ಕೂ ಇಲ್ಲ. ಒಪ್ಪಂದ ಮುಗಿದ ಮೇಲೂ ಬಿಡುಗಡೆಯಿಲ್ಲದ ನೌಕರಿ ಎಂದರೆ ಇದೇ. ಎರಡನೆಯದು 1901ರಲ್ಲಿ ಜಾರಿಗೆ ಬಂದ ಗರಿಷ್ಠ ಕೂಲಿ: ಯಾರೇ ಆಗಲಿ, ಎಂಥ ಆಟಗಾರನೇ ಆಗಲಿ, ವಾರಕ್ಕೆ 4 ಪೌಂಡಿಗಿಂತ ಹೆಚ್ಚು ಕೊಡುವಂತಿಲ್ಲ, ಗೆಲುವಿಗೆ ಬೋನಸ್ ಕೊಡುವಂತಿಲ್ಲ. ಆ ಹೊತ್ತಿಗಾಗಲೇ ದೇಶದ ಮುಂಚೂಣಿಯ ಗೋಲುಗಾರನಾಗಿದ್ದ 27 ವರ್ಷದ ಬ್ಲೂಮರ್‌ನನ್ನೂ ಮೀಸಲು ತಂಡದ ಆಟಗಾರನನ್ನೂ ಈ ನಿಯಮ ಒಂದೇ ಸೂರಿನ ಕೆಳಗೆ ನಿಲ್ಲಿಸಿತು.

ಕ್ಲಬ್ಬುಗಳ ವಾದದಲ್ಲಿ ಹುರುಳೇ ಇರಲಿಲ್ಲ ಎನ್ನುವಂತಿಲ್ಲ. ಕೂಲಿಗೆ ಮಿತಿಯಿಲ್ಲದಿದ್ದರೆ ಹೆಚ್ಚು ಜನ ಸೇರುವ ದೊಡ್ಡ ಊರಿನ ಕ್ಲಬ್ಬುಗಳು ಒಳ್ಳೆಯ ಆಟಗಾರರನ್ನೆಲ್ಲ ಬಾಚಿಕೊಂಡು, ಡರ್ಬಿಯಂಥ ಊರುಗಳ ತಂಡಗಳು ಬರಿದಾಗುತ್ತವೆ ಎಂಬ ಭಯ ನಿಜವಾದದ್ದೇ. ವಾರಕ್ಕೆ 4 ಪೌಂಡ್ ಎಂಬುದು ನುರಿತ ಕುಶಲಕರ್ಮಿಯೊಬ್ಬನ ಕೂಲಿಯ ಎರಡು ಪಟ್ಟಿಗೂ ಮೇಲಿತ್ತು ಎಂಬುದನ್ನೂ ಮರೆಯಬಾರದು. ಕುಲುಮೆಯಲ್ಲೇ ಉಳಿದಿದ್ದರೆ ಬ್ಲೂಮರ್ ಅಷ್ಟು ಹಣವನ್ನು ಎಂದೂ ಕಾಣುತ್ತಿರಲಿಲ್ಲ. ಆದರೆ ಕಮ್ಮಾರ ಅರವತ್ತರವರೆಗೆ ಸುತ್ತಿಗೆ ಹಿಡಿಯಬಲ್ಲ. ಮಂಡಿ ಹೋದ ಆಟಗಾರ ಮೂವತ್ತಕ್ಕೇ ಮನೆಗೆ. ಐದು ವರ್ಷ ಒಂದೇ ಕ್ಲಬ್ಬಿನಲ್ಲಿ ಆಡಿದವನಿಗೆ ಒಂದು ಪಂದ್ಯದ ಟಿಕೆಟ್ ಹಣವನ್ನು ಬಳುವಳಿಯಾಗಿ ಕೊಡುವ ರೂಢಿಯಿತ್ತು, ಅದೂ ಕ್ಲಬ್ಬಿನ ದಯೆ. ಅದಕ್ಕಿಂತ ಮುಖ್ಯವಾದ ಮಾತೆಂದರೆ, ಮಿತಿ ಬಿದ್ದದ್ದು ಆಟಗಾರನ ಕೂಲಿಗೆ ಮಾತ್ರ, ಅವನ ಮಾರಾಟದ ಬೆಲೆಗೆ ಅಲ್ಲ. 1908ರಲ್ಲಿ ಆ ಬೆಲೆಯನ್ನು 350 ಪೌಂಡಿಗೆ ನಿಲ್ಲಿಸುವ ಪ್ರಯತ್ನವೊಂದು ನಡೆಯಿತು. ಅದು ಕೆಲವೇ ತಿಂಗಳು ಬಾಳಿತು. ಕೂಲಿಯ ಮಿತಿಯಾದರೋ ಅರವತ್ತು ವರ್ಷ ಬಾಳಿತು. ಈ ಎರಡು ಅವಧಿಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಿದರೆ ನಿಯಮಗಳು ಯಾರ ಅನುಕೂಲಕ್ಕೆ ಇದ್ದವು ಎಂಬುದು ತಿಳಿಯುತ್ತದೆ.

750 ಪೌಂಡನ್ನು ಇನ್ನಷ್ಟು ಹತ್ತಿರದಿಂದ ನೋಡೋಣ. ವಾರಕ್ಕೆ 4 ಪೌಂಡಿನಂತೆ ವರ್ಷವಿಡೀ ಕೂಲಿ ಸಿಕ್ಕಿತೆಂದೇ ಇಟ್ಟುಕೊಂಡರೂ ವರ್ಷಕ್ಕೆ 208 ಪೌಂಡ್. ಅಂದರೆ ಮಾರಾಟದ ಬೆಲೆ ಅವನ ಮೂರೂವರೆ ವರ್ಷದ ದುಡಿಮೆಗೂ ಮಿಗಿಲು. ಇನ್ನೊಂದು ಲೆಕ್ಕ: ಲೀಗ್ ಪಂದ್ಯಕ್ಕೆ ಗಂಡಸರ ಪ್ರವೇಶ ದರ ಕನಿಷ್ಠ 6 ಪೆನ್ಸ್, ಒಂದು ಪೌಂಡಿಗೆ 240 ಪೆನ್ಸ್. ಹಾಗಾದರೆ 750 ಪೌಂಡ್ ಸೇರಲು 30,000 ಜನ ಬಾಗಿಲಲ್ಲಿ ನಾಣ್ಯ ಹಾಕಿ ಒಳಗೆ ಬರಬೇಕು. ಬೇಸ್‌ಬಾಲ್ ಗ್ರೌಂಡಿಗೆ ಒಂದು ಪಂದ್ಯಕ್ಕೆ ಬರುತ್ತಿದ್ದವರು ಅದಕ್ಕಿಂತ ಎಷ್ಟೋ ಕಡಿಮೆ. ಕೈ ಬರಿದಾಗಿದ್ದ ಕ್ಲಬ್ಬಿನ ಆಡಳಿತ ಮಂಡಳಿಗೆ, ವಯಸ್ಸಾಗುತ್ತಿರುವ ಆಟಗಾರನೊಬ್ಬ ಹಲವು ಪಂದ್ಯಗಳ ಟಿಕೆಟ್ ಹಣವಾಗಿ ಕಂಡಿದ್ದರೆ ಅದು ಅರ್ಥವಾಗುವಂಥದ್ದು. ಕ್ಷಮಿಸುವುದು ಮಾತ್ರ ಕಷ್ಟ. ಡರ್ಬಿಯ ಜನರಿಗೂ ಅದು ಸುಲಭವಾಗಿರಲಿಲ್ಲ.

ಕೊಂಡವರ ಲೆಕ್ಕ ಬೇರೆ. ಮಿಡಲ್ಸ್‌ಬ್ರೋ ಎರಡನೆಯ ದರ್ಜೆಗೆ ಬೀಳುವ ಅಂಚಿನಲ್ಲಿತ್ತು. ಹಿಂದಿನ ವರ್ಷದ ಫೆಬ್ರುವರಿಯಲ್ಲಿ ಇಂಥದೇ ಸಂಕಟದಲ್ಲಿ ಅದು ಸಂಡರ್ಲೆಂಡ್‌ನಿಂದ ಆಲ್ಫ್ ಕಾಮನ್‌ನನ್ನು 1,000 ಪೌಂಡ್ ಕೊಟ್ಟು ಕೊಂಡಿತ್ತು. ಫುಟ್ಬಾಲಿನಲ್ಲಿ ಮನುಷ್ಯನೊಬ್ಬನ ಬೆಲೆ ನಾಲ್ಕಂಕಿ ಮುಟ್ಟಿದ್ದು ಅದೇ ಮೊದಲು, ಪತ್ರಿಕೆಗಳು ಅದನ್ನು ಕಟುವಾಗಿ ಟೀಕಿಸಿದ್ದವು. ಈಗ ಕಾಮನ್ ಪಕ್ಕದಲ್ಲಿ ಬ್ಲೂಮರ್ ಬಂದು ನಿಂತ. ಕ್ಲಬ್ಬು ಆ ಋತುವಿನಲ್ಲಿ ಕೂದಲೆಳೆಯ ಅಂತರದಲ್ಲಿ ಮೊದಲ ದರ್ಜೆಯಲ್ಲಿ ಉಳಿಯಿತು. 1907ರ ಜನವರಿಯಲ್ಲಿ ವೂಲ್‌ವಿಚ್ ಆರ್ಸೆನಲ್ ವಿರುದ್ಧ ಒಂದೇ ಪಂದ್ಯದಲ್ಲಿ ಬ್ಲೂಮರ್ ನಾಲ್ಕು ಗೋಲು ಹೊಡೆದ. ಅದೇ ಋತು ಮುಗಿದಾಗ ಅವನನ್ನು ಕಳೆದುಕೊಂಡ ಡರ್ಬಿ ಎರಡನೆಯ ದರ್ಜೆಗೆ ಇಳಿದಿತ್ತು.

ಆಟಗಾರರು ಸುಮ್ಮನಿರಲಿಲ್ಲ. 1898ರಲ್ಲಿ ಅವರು ಕಟ್ಟಿದ್ದ ಮೊದಲ ಸಂಘ, ಆಟಗಾರನ ವರ್ಗಾವಣೆಯಲ್ಲಿ ಆಟಗಾರನಿಗೂ ಮಾತಿರಬೇಕು ಎಂದು ಕೇಳಿತ್ತು; ಕೆಲವೇ ವರ್ಷಗಳಲ್ಲಿ ಮುರಿದುಬಿತ್ತು. ಬ್ಲೂಮರ್ ಮಾರಾಟವಾದ 1906ರಲ್ಲೇ ಮ್ಯಾಂಚೆಸ್ಟರ್ ಸಿಟಿಯ 17 ಆಟಗಾರರು ಮಿತಿಗಿಂತ ಹೆಚ್ಚು ಕೂಲಿ ಪಡೆದರೆಂದು ಶಿಕ್ಷೆಗೊಳಗಾದರು, ಅವರನ್ನು ಆ ನವೆಂಬರ್‌ನಲ್ಲಿ ಹೋಟೆಲೊಂದರಲ್ಲಿ ಬೇರೆ ಕ್ಲಬ್ಬುಗಳಿಗೆ ಹರಾಜಿನಂತೆ ಹಂಚಲಾಯಿತು. ಅವರಲ್ಲೊಬ್ಬನಾದ ಬಿಲ್ಲಿ ಮೆರೆಡಿತ್ ಮರುವರ್ಷ ಡಿಸೆಂಬರ್‌ನಲ್ಲಿ ಮ್ಯಾಂಚೆಸ್ಟರ್‌ನಲ್ಲಿ ಹೊಸ ಸಂಘ ಕಟ್ಟಲು ಮುಂದಾದ. 1912ರಲ್ಲಿ ಹರ್ಬರ್ಟ್ ಕಿಂಗಬಿ ಎಂಬ ಆಟಗಾರ ಆಸ್ಟನ್ ವಿಲ್ಲಾ ಮೇಲೆ ಹೂಡಿದ ಮೊಕದ್ದಮೆಯಲ್ಲಿ ನೋಂದಣಿ ಪದ್ಧತಿಯೇ ನ್ಯಾಯಾಲಯದ ಮುಂದೆ ಬಂತು. ಆಟಗಾರ ಸೋತ, ಪದ್ಧತಿ ಗೆದ್ದಿತು.

1910ರಲ್ಲಿ, 36ನೆಯ ವಯಸ್ಸಿನಲ್ಲಿ, ಬ್ಲೂಮರ್ ಡರ್ಬಿಗೆ ಮರಳಿದ. ಎರಡು ವರ್ಷದಲ್ಲಿ ತಂಡ ಎರಡನೆಯ ದರ್ಜೆಯ ಅಗ್ರಸ್ಥಾನ ಗೆದ್ದು ಮೇಲೇರಿತು. ಅವನು ಕೊನೆಯ ಬಾರಿ ಆಡಿದ್ದು 1914ರ ಜನವರಿಯಲ್ಲಿ, 40 ತುಂಬಿದ ಕೆಲವು ದಿನಗಳ ನಂತರ. ಡರ್ಬಿ ಪರವಾಗಿ ಒಟ್ಟು 525 ಪಂದ್ಯ, 332 ಗೋಲು; ಲೀಗ್ ಪಂದ್ಯಗಳಲ್ಲೇ, ಎರಡೂ ಕ್ಲಬ್ಬುಗಳನ್ನು ಸೇರಿಸಿದರೆ, 350ಕ್ಕೂ ಮೇಲೆ.

ಇಷ್ಟೆಲ್ಲ ಆದಮೇಲೆ ಆ ಮನುಷ್ಯನ ಮುಂದಿದ್ದ ಪ್ರಶ್ನೆ, ಇನ್ನು ಹೊಟ್ಟೆಪಾಡಿಗೆ ಏನು ಎಂಬುದು. ಇಂಗ್ಲೆಂಡಿನ ಕ್ಲಬ್ಬುಗಳಿಗೆ ಆಗ ತರಬೇತುದಾರನೆಂಬ ಹುದ್ದೆಯ ಮೇಲೆ ಅಂಥ ನಂಬಿಕೆಯಿರಲಿಲ್ಲ; ಆಟ ತಾನಾಗಿ ಬರಬೇಕು ಎಂಬ ಭಾವನೆ. ಕಲಿಯುವ ಹಸಿವು ಇದ್ದದ್ದು ಯೂರೋಪಿನಲ್ಲಿ. ಹಾಗಾಗಿ 1914ರ ಜುಲೈನಲ್ಲಿ ಬ್ಲೂಮರ್ ಬರ್ಲಿನ್‌ನ ಬ್ರಿಟಾನಿಯಾ ಕ್ಲಬ್ಬಿಗೆ ತರಬೇತುದಾರನಾಗಿ ಹೋದ. ಕೆಲವೇ ವಾರಗಳಲ್ಲಿ ಮಹಾಯುದ್ಧ ಆರಂಭವಾಯಿತು. ನವೆಂಬರ್‌ನಲ್ಲಿ ಜರ್ಮನಿಯಲ್ಲಿದ್ದ ಬ್ರಿಟಿಷ್ ಗಂಡಸರನ್ನೆಲ್ಲ ಹಿಡಿದು ಬರ್ಲಿನ್ ಅಂಚಿನ ಸ್ಪಾಂಡೌ ಬಳಿಯ ರೂಲೇಬೆನ್ ಕುದುರೆ ಪಂದ್ಯದ ಮೈದಾನದಲ್ಲಿ ಕೂಡಿಹಾಕಿದರು. ನಾಲ್ಕು ಸಾವಿರಕ್ಕೂ ಹೆಚ್ಚು ಜನ. ಒಂದು ಕುದುರೆ ನಿಲ್ಲುವ ಲಾಯದ ಕೋಣೆಯಲ್ಲಿ ಆರು ಮಂದಿ ಮಲಗಬೇಕು. ಉಳಿದವರು ಮೇಲೆ, ಹುಲ್ಲು ತುಂಬುತ್ತಿದ್ದ ಅಟ್ಟದಲ್ಲಿ.

ಆ ಶಿಬಿರದಲ್ಲಿ ಫುಟ್ಬಾಲ್ ಸಂಘವೊಂದು ಹುಟ್ಟಿತು, ಲೀಗ್ ನಡೆಯಿತು, ಪಂದ್ಯ ನೋಡಲು ಲಾಯಗಳಿಂದ ಜನ ಸೇರಿದರು. ಸೆರೆಯಾಳುಗಳಲ್ಲಿ ಬ್ಲೂಮರ್ ಅಲ್ಲದೆ, ಇಂಗ್ಲೆಂಡ್ ತಂಡಕ್ಕೆ ಆಡಿದ್ದ ಫ್ರೆಡ್ ಪೆಂಟ್‌ಲ್ಯಾಂಡ್, ಸ್ಯಾಮ್ ವೋಲ್‌ಸ್ಟೆನ್‌ಹೋಮ್ ಇದ್ದರು, ಸ್ಕಾಟ್ಲೆಂಡಿನ ಜಾನ್ ಕ್ಯಾಮರಾನ್ ಇದ್ದ. ಈ ಕ್ಯಾಮರಾನ್ ಬೇರೆ ಯಾರೂ ಅಲ್ಲ, 1898ರ ಮೊದಲ ಆಟಗಾರರ ಸಂಘದ ಕಾರ್ಯದರ್ಶಿಯಾಗಿದ್ದವನು. ಇಂಗ್ಲೆಂಡಿನ ಅತ್ಯುತ್ತಮ ಗೋಲುಗಾರನೂ, ಅಂಥವರ ಹಕ್ಕಿಗಾಗಿ ಮೊದಲು ದನಿಯೆತ್ತಿದ ಸಂಘದ ಕಾರ್ಯದರ್ಶಿಯೂ, ತಮ್ಮ ನಾಡಿನಲ್ಲಿ ವೃತ್ತಿಯ ಮುಂದುವರಿಕೆ ಕಾಣದೆ ಪರದೇಶಕ್ಕೆ ಹೋಗಿ, ಒಂದೇ ಕುದುರೆ ಲಾಯಗಳ ನಡುವೆ ವರ್ಷಗಟ್ಟಲೆ ಕಳೆದರು. ಯುದ್ಧಕ್ಕೆ ವೃತ್ತಿಯ ನಿಯಮಗಳು ಕಾರಣವಲ್ಲ, ನಿಜ. ಆದರೆ ನಲವತ್ತು ವಯಸ್ಸಿನ ಬ್ಲೂಮರ್ ಆ ಜುಲೈನಲ್ಲಿ ಬರ್ಲಿನ್‌ನಲ್ಲಿ ಇದ್ದದ್ದು ಏಕೆ ಎಂದು ಕೇಳಿದರೆ ಉತ್ತರ ಅವನ ಸಂಪಾದನೆಯ ಪುಸ್ತಕದಲ್ಲಿದೆ. 1918ರಲ್ಲಿ ನೆದರ್ಲೆಂಡ್ಸ್‌ಗೆ ಹೋಗಲು ಅವನಿಗೆ ಅನುಮತಿ ಸಿಕ್ಕಿದಾಗ ಶಿಬಿರದವರು ಅವನ ಗೌರವಕ್ಕಾಗಿ ಒಂದು ಬೀಳ್ಕೊಡುಗೆ ಪಂದ್ಯ ಆಡಿದರು.

ತರಬೇತುದಾರನಾಗಿ ಅವನಿಗೆ ದೊಡ್ಡ ಗೆಲುವು ಸಿಕ್ಕಿದ್ದು ಸ್ಪೇನಿನಲ್ಲಿ. ಫ್ರಾನ್ಸಿನ ಗಡಿಯ ಪಟ್ಟಣ ಇರೂನ್‌ನ ರಿಯಲ್ ಯೂನಿಯನ್ ತಂಡ 1924ರಲ್ಲಿ, ಬ್ಲೂಮರ್ ಕೈಕೆಳಗೆ, ಸ್ಪೇನಿನ ರಾಜಕಪ್ ಫೈನಲ್‌ನಲ್ಲಿ ರಿಯಲ್ ಮ್ಯಾಡ್ರಿಡ್ ತಂಡವನ್ನು 1–0 ಅಂತರದಲ್ಲಿ ಮಣಿಸಿತು. ಆಟಗಾರನಾಗಿ ಎಫ್‌ಎ ಕಪ್ಪನ್ನು ಎಂದೂ ಎತ್ತದವನು ತರಬೇತುದಾರನಾಗಿ ಇನ್ನೊಂದು ದೇಶದ ಕಪ್ಪನ್ನು ಗೆದ್ದ ಎಂಬುದು ನನಗೆ ಈ ಇಡೀ ಕಥೆಯಲ್ಲಿ ಅತ್ಯಂತ ಸಂತೋಷ ಕೊಡುವ ಸಂಗತಿ.

ಆಮೇಲೆ ಅವನು ಡರ್ಬಿಗೆ ಹಿಂದಿರುಗಿದ. ಯಾವ ಮೈದಾನದಲ್ಲಿ ಮೊದಲ ಋತುವಿನಲ್ಲೇ ಗೋಲು ಹೊಡೆದಿದ್ದನೋ ಅದೇ ಬೇಸ್‌ಬಾಲ್ ಗ್ರೌಂಡಿನಲ್ಲಿ ಹುಲ್ಲು ನೋಡಿಕೊಳ್ಳುವ, ಸಣ್ಣಪುಟ್ಟ ಕೆಲಸಗಳಿಗೆ ನೆರವಾಗುವ ನೌಕರನಾಗಿ ಕ್ಲಬ್ಬು ಅವನನ್ನು ಇಟ್ಟುಕೊಂಡಿತು. ಊರಿನ ಪತ್ರಿಕೆಗೆ ಫುಟ್ಬಾಲಿನ ಬಗ್ಗೆ ಬರೆದ. ಇದನ್ನು ಅವಮಾನವೆಂದು ಓದುವವರಿದ್ದಾರೆ. ನಾನು ಹಾಗೆ ಓದುವುದಿಲ್ಲ. ಕ್ಲಬ್ಬು ಅವನನ್ನು ಮರೆಯಲಿಲ್ಲ ಎಂಬುದು ಅದರ ಹೆಗ್ಗಳಿಕೆ. ಆದರೆ ಅವನ ಮುಪ್ಪಿಗೆ ಆಧಾರವಾಗಿ ಇದ್ದದ್ದು ಈ ಹೃದಯವಂತಿಕೆ ಮಾತ್ರ, ಅವನು ಹಕ್ಕಿನಿಂದ ಕೇಳಬಹುದಾದದ್ದು ಏನೂ ಇರಲಿಲ್ಲ. 1938ರ ಆರಂಭದಲ್ಲಿ, ಆರೋಗ್ಯ ಕೆಟ್ಟಿದ್ದ ಅವನನ್ನು ಹಿತೈಷಿಗಳು ಆಸ್ಟ್ರೇಲಿಯಾ ಮತ್ತು ನ್ಯೂಜಿಲೆಂಡ್ ಕಡೆಗೆ ಸಮುದ್ರಯಾನಕ್ಕೆ ಕಳಿಸಿದರು. ಮರಳಿ ಬಂದ ಕೆಲವೇ ವಾರಗಳಲ್ಲಿ, ಏಪ್ರಿಲ್ 16ರಂದು, 64ನೆಯ ವಯಸ್ಸಿನಲ್ಲಿ ಬ್ಲೂಮರ್ ಡರ್ಬಿಯಲ್ಲಿ ತೀರಿಕೊಂಡ. ಡರ್ಬಿ ಕೌಂಟಿಯ ಹೊಸ ಮೈದಾನದಲ್ಲಿ, ಆಟಗಾರರು ಕೂರುವ ಜಾಗದ ಪಕ್ಕದಲ್ಲಿ, 2009ರಿಂದ ಅವನ ಎದೆಮಟ್ಟದ ಪ್ರತಿಮೆಯಿದೆ.

ಅವನನ್ನು ಕಟ್ಟಿಹಾಕಿದ್ದ ಕೂಲಿಯ ಮಿತಿ 1961ರಲ್ಲಿ ತೆಗೆದುಹೋಯಿತು. ಆಗ ಅದು ವಾರಕ್ಕೆ 20 ಪೌಂಡಿಗೆ ಬಂದು ನಿಂತಿತ್ತು. ಒಪ್ಪಂದ ಮುಗಿದ ಮೇಲೂ ಆಟಗಾರನನ್ನು ಹಿಡಿದಿಡುವ ಪದ್ಧತಿ ದುಡಿಯುವ ಸ್ವಾತಂತ್ರ್ಯಕ್ಕೆ ಅಸಮಂಜಸವಾದ ತಡೆ ಎಂದು 1963ರಲ್ಲಿ, ಜಾರ್ಜ್ ಈಸ್ಟ್‌ಹ್ಯಾಮ್ ನ್ಯೂಕ್ಯಾಸಲ್ ಕ್ಲಬ್ಬಿನ ಮೇಲೆ ಹೂಡಿದ ಮೊಕದ್ದಮೆಯಲ್ಲಿ, ಲಂಡನ್ನಿನ ಹೈಕೋರ್ಟ್ ತೀರ್ಪು ಕೊಟ್ಟಿತು. ಬ್ಲೂಮರ್ ಸತ್ತು ಆಗ 25 ವರ್ಷಗಳಾಗಿದ್ದವು.